ಕೂಗಿನ ಕೊರಕಲಿಗೆ ಸ್ಪೀಕರ್ ಬೇಡ, ಒಂದು ರಾತ್ರಿಯ ಪರವಾನಗಿ ಕೊಡಿ

ಮಾನ್ಯ ಜಿಲ್ಲಾಧಿಕಾರಿಗಳಿಗೆ,
ಚಿತ್ರದುರ್ಗ

ನಮ್ಮ ಸೀಮೆಯ ಅಧಿಕಾರಿಗಳಿಗೆ ಬಂದ ಬಲು ಹಳೆಯ ಪತ್ರವೊಂದು ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಬಂಡೆಯ ಮೇಲೆ ಇವತ್ತಿಗೂ ಇದೆ. ಬಿ.ಎಲ್. ರೈಸ್ ಅವರು 1892ರಲ್ಲಿ ಪತ್ತೆ ಮಾಡಿದ ಅಶೋಕನ ಶಾಸನ ಅದು. ಸುವರ್ಣಗಿರಿಯಲ್ಲಿದ್ದ ಆರ್ಯಪುತ್ರ, ಅಂದರೆ ರಾಜಕುಮಾರ, ಮತ್ತು ಮಹಾಮಾತ್ರರೆಂಬ ಹಿರಿಯ ಅಧಿಕಾರಿಗಳು ನಮ್ಮ ಸೀಮೆಯ ಇಸಿಲದ ಮಹಾಮಾತ್ರರಿಗೆ ಕಳಿಸಿದ್ದು. ಚಕ್ರವರ್ತಿಯ ಮಾತನ್ನು ಮುಟ್ಟಿಸುವ ಮೊದಲು ಅವರು ಇವರ ಆರೋಗ್ಯ ವಿಚಾರಿಸುತ್ತಾರೆ. ಬರೆದವನು ಲಿಪಿಕಾರ ಚಪಡ ಎಂದು ಕೊನೆಗೆ ಹೆಸರೂ ಇದೆ. ಇಂಥ ರೂಢಿಯನ್ನು ನಾನು ಯಾಕೆ ಮುರಿಯಲಿ? ತಾವು ಆರೋಗ್ಯವಾಗಿದ್ದೀರೆಂದು ನಂಬಿ ವಿಷಯಕ್ಕೆ ಬರುತ್ತೇನೆ.

ಜೋಗಿಮಟ್ಟಿ ಕಡೆಯ ಬೆಟ್ಟಸಾಲಿನಲ್ಲಿ ಕುರಿಯವರು, ಸೌದೆಯವರು 'ಕೂಗಿನ ಕೊರಕಲು' ಎಂದು ಕರೆಯುವ ಜಾಗವಿದೆ. ಅಲ್ಲಿ ಧ್ವನಿ-ಬೆಳಕಿನ ಪ್ರದರ್ಶನ ಶುರು ಮಾಡಬೇಕು, ಬಂಡೆಗಳಿಗೆ ಬಣ್ಣದ ಲೈಟು ಬಿಡಬೇಕು, ಸ್ಪೀಕರ್ ಕಟ್ಟಬೇಕು, ಟಿಕೆಟ್ ಇಡಬೇಕು ಎಂದು ಕೆಲವರು ತಮಗೆ ಅರ್ಜಿ ಕೊಟ್ಟಿದ್ದಾರೆಂದು ಕೇಳಿದೆ. ಅವರ ಹೆಸರು ಎತ್ತುವುದಿಲ್ಲ. ಊರಿನವರೇ, ನಾಳೆ ಬೆಳಗ್ಗೆ ಟೀ ಅಂಗಡಿಯಲ್ಲಿ ಮುಖ ನೋಡಬೇಕಾದವರು. ಪ್ರವಾಸಿಗರು ಬಂದರೆ ನಾಲ್ಕು ಹುಡುಗರಿಗೆ ಕೆಲಸ ಸಿಗುತ್ತದೆ ಎನ್ನುತ್ತಾರೆ, ಅದು ಸುಳ್ಳಲ್ಲ. ಆದರೆ ಆ ಪ್ರದರ್ಶನವನ್ನು ಕೋಟೆಯ ಕೆಳಗಿನ ಯಾವುದಾದರೂ ಬಯಲಲ್ಲಿ ಮಾಡಲಿ. ಕೊರಕಲಿಗೆ ಬೇಡ. ಯಾಕೆ ಬೇಡ ಎಂದು ಹೇಳಲು ಅಲ್ಲಿ ಏನಿದೆ ಎಂಬುದನ್ನು ಮೊದಲು ಹೇಳಬೇಕು. ಅರ್ಜಿ ಕೊಟ್ಟವರಿಗೆ ಅದು ಪೂರ್ತಿ ಗೊತ್ತಿದ್ದಂತಿಲ್ಲ.

ನಾನು ಬೆಟ್ಟದ ಮೇಲಿನ ಗಾಳಿ ಫ್ಯಾನುಗಳ ಕೆಲಸದವನು. ರಾತ್ರಿ ಪಾಳಿ ನನಗೆ ಹೊಸದಲ್ಲ. ಸದ್ದಿನ ವಿಷಯದಲ್ಲಿ ನನ್ನ ಕಿವಿ ಸ್ವಲ್ಪ ಅನುಮಾನದ್ದು. ರೆಕ್ಕೆಯ ಸದ್ದು ಒಂದಿಷ್ಟು ಬದಲಾದರೂ ಬೇರಿಂಗು ಹೋಯಿತೇ ಎಂದು ಎದ್ದು ಕೂರುವ ಕೆಲಸ ನಮ್ಮದು. ಹಾಗಾಗಿ ಕೊರಕಲಿನ ಸದ್ದನ್ನು ಮೊದಲು ಕೇಳಿದಾಗ ದೆವ್ವ ಎಂದು ನಂಬಲಿಲ್ಲ, ಪ್ರತಿಧ್ವನಿ ಎಂದುಕೊಂಡೆ. ಆಮೇಲೆ ಲೆಕ್ಕ ಹಾಕಿದೆ. ಶಬ್ದ ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ಓಡುತ್ತದೆ. ಕೂಗಿದ್ದು ಬೇರೆ, ಮರಳಿ ಬಂದದ್ದು ಬೇರೆ ಎಂದು ಕಿವಿಗೆ ಗೊತ್ತಾಗಬೇಕಾದರೆ ನಡುವೆ ಸೆಕೆಂಡಿನ ಹತ್ತನೇ ಒಂದು ಪಾಲಾದರೂ ಬೇಕು. ಅಂದರೆ ಹೋಗಿ ಬರುವ ದಾರಿ 34 ಮೀಟರ್, ಎದುರಿನ ಬಂಡೆ 17 ಮೀಟರ್ ಆಚೆಗಿರಬೇಕು. ಕೊರಕಲಿನಲ್ಲಿ ಇಬ್ಬರು ತೋಳು ಚಾಚಿ ನಿಂತರೆ ಎರಡೂ ಕಡೆಯ ಬಂಡೆ ಕೈಗೆ ತಾಗುತ್ತದೆ. ಅಲ್ಲಿ ಪ್ರತಿಧ್ವನಿ ಏಳುವ ಮಾತೇ ಇಲ್ಲ.

ಗಾಳಿಯ ಸದ್ದೂ ಅಲ್ಲ. ಗಾಳಿಯ ವೇಗ ಸೆಕೆಂಡಿಗೆ ಮೂರು ಮೀಟರಿನ ಆಸುಪಾಸಿಗಿಂತ ಕಡಿಮೆಯಾದರೆ ಫ್ಯಾನುಗಳು ವಿದ್ಯುತ್ ಕೊಡುವುದಿಲ್ಲ, ಸುಮ್ಮನೆ ನಿಲ್ಲುತ್ತವೆ. ಆಷಾಢದಲ್ಲಿ ಅವು ನಿಲ್ಲುವುದೇ ಅಪರೂಪ. ಆಗ ಕೊರಕಲಿನಲ್ಲಿ ಏನೂ ಕೇಳದು. ಮಾರ್ಗಶಿರ, ಪುಷ್ಯದಲ್ಲಿ ಒಂದು ಎಲೆಯೂ ಅಲ್ಲಾಡದ ರಾತ್ರಿಗಳಿರುತ್ತವಲ್ಲ, ಕೊರಕಲು ಮಾತಾಡುವುದು ಆಗ. ಹಗಲೆಲ್ಲ ಕಾದ ಬಂಡೆ ರಾತ್ರಿ ತಣಿಯುವಾಗ 'ಚಟ್' ಎನ್ನುವುದನ್ನೂ ಕೇಳಿದ್ದೇನೆ. ಆ ಸದ್ದು ಯಾರ ಹೆಸರನ್ನೂ ಹಿಡಿದು ಕರೆಯುವುದಿಲ್ಲ.

ಅಲ್ಲಿ ಹಿಂದಿನ ಕಾಲದ ಸದ್ದುಗಳು ಉಳಿದುಕೊಂಡಿವೆ. ಎಲ್ಲ ಸದ್ದೂ ಅಲ್ಲ, ಯಾರೂ ಓಗೊಡದ ಕೂಗು ಮಾತ್ರ. ಇದು ನನ್ನ ಸಂಶೋಧನೆಯಲ್ಲ, ಕುರಿಯವರಿಗೆ ತಲೆತಲಾಂತರದಿಂದ ಗೊತ್ತಿರುವ ಮಾತು. ಮದುವೆಯ ವಾಲಗ, ಜಾತ್ರೆಯ ಉರುಮೆ, ಸಂತೆಯ ಗದ್ದಲ ಯಾವುದೂ ಅಲ್ಲಿಲ್ಲ. ಅವಕ್ಕೆ ಆವತ್ತೇ ಕುಣಿದವರಿದ್ದರು, ಕೊಂಡವರಿದ್ದರು, ಬೈದವರಿದ್ದರು. ಕರೆದು ಕರೆದು ಉತ್ತರ ಸಿಗದೆ ನಿಂತುಹೋದ ದನಿ ಇಲ್ಲಿಗೆ ಬಂದು ಸೇರುತ್ತದೆ. ಯಾರಾದರೂ ಸರಿಯಾಗಿ ಓಗೊಟ್ಟರೆ ಹೊರಟುಹೋಗುತ್ತದೆ. ಮತ್ತೆ ಬರುವುದಿಲ್ಲ.

ದುರ್ಗದವರಿಗೆ ಮುಂದಿನ ಮಾತು ಹಿಡಿಸಲಿಕ್ಕಿಲ್ಲ. ಕೊರಕಲಿನಲ್ಲಿ ಓಬವ್ವನ ಸದ್ದು ಇಲ್ಲ. ಅರ್ಜಿ ಕೊಟ್ಟವರು ಒನಕೆಯ ಏಟು, ಕಹಳೆಯ ಮೊಳಗು ಎಂದೆಲ್ಲ ಕನಸು ಕಟ್ಟಿಕೊಂಡಿದ್ದಾರೆ. ನಮ್ಮ ಹಿರಿಯರು ಹೇಳಿಕೊಂಡು ಬಂದ ಕಥೆಯನ್ನೇ ನೆನೆಯಿರಿ: ಉಣ್ಣುತ್ತಿದ್ದ ಗಂಡನಿಗೆ ನೀರು ತರಲು ಹೋದವಳು ಕಿಂಡಿಯಲ್ಲಿ ನುಸುಳುತ್ತಿದ್ದ ಹೈದರನ ಸೈನಿಕರನ್ನು ಕಂಡು ಒನಕೆ ಎತ್ತಿದಳು, ಗಂಡ ಹುಡುಕಿಕೊಂಡು ಬಂದ, ನೋಡಿದ, ಕಹಳೆ ಊದಿದ, ಕೋಟೆ ಎದ್ದಿತು. ಅಂದರೆ ಊರು ಓಗೊಟ್ಟಿತು. ಇವತ್ತಿಗೂ ಓಗೊಡುತ್ತಲೇ ಇದೆ. ಅವಳ ಪ್ರತಿಮೆ ಇದೆ, ಅವಳ ಹೆಸರಿನ ಕ್ರೀಡಾಂಗಣ ಇದೆ. ಓಬವ್ವನಿಗೆ ಕೊರಕಲಿನ ಹಂಗಿಲ್ಲ. ಕೇಳುಗರನ್ನು ಬೆಚ್ಚಿಬೀಳಿಸುವ ಸದ್ದೇ ಬೇಕಿದ್ದರೆ ಹಿಡಿಂಬೇಶ್ವರನ ಗುಡಿಗೆ ಹೋಗಲಿ, ಅಲ್ಲಿ ಹಿಡಿಂಬನ ಹಲ್ಲು, ಭೀಮನ ಭೇರಿ ಎಂದು ಹಿಂದಿನಿಂದಲೂ ತೋರಿಸಿಕೊಂಡು ಬಂದಿದ್ದಾರೆ.

ಹಾಗಾದರೆ ಕೊರಕಲಿನಲ್ಲಿ ಇರುವವರು ಯಾರು?

ಒಂದು ಮಗು ಇದೆ. ಗಂಡೋ ಹೆಣ್ಣೋ ತಿಳಿಯದು. 'ಅವ್ವಾ, ಅಂಬ್ಲಿ' ಎನ್ನುತ್ತದೆ, ಎರಡೇ ಮಾತು. ಧಾತು ಸಂವತ್ಸರದ ಬರದ್ದು ಎಂದು ಕುರಿಯವರ ಹಿರಿಯರು ಹೇಳುತ್ತಾರೆ. ಅಂದರೆ 1876ರಿಂದ 78ರವರೆಗಿನ ಬರ. 1871ರ ಜನಗಣತಿಯಲ್ಲಿ 50 ಲಕ್ಷ ದಾಟಿದ್ದ ಮೈಸೂರು ಸಂಸ್ಥಾನದ ಜನಸಂಖ್ಯೆ 1881ರಲ್ಲಿ 42 ಲಕ್ಷದ ಹತ್ತಿರಕ್ಕೆ ಇಳಿದಿತ್ತು. ಕಳೆದುಹೋದ ಆ ಲಕ್ಷಗಳ ಪೈಕಿ ಒಂದು ದನಿ ನಮ್ಮ ಬೆಟ್ಟದಲ್ಲಿ ಸಿಕ್ಕಿಕೊಂಡಿದ್ದರೆ ಆಶ್ಚರ್ಯವೇನು? ಅದಕ್ಕೆ ಅಂಬಲಿ ಒಯ್ದವರಿದ್ದಾರೆ. ದನಿ ಹೋಗಲಿಲ್ಲ. ಅದು ಕೇಳುತ್ತಿರುವುದು ಅಂಬಲಿಯನ್ನಲ್ಲ, ಅವ್ವನನ್ನು ಎಂದು ಒಬ್ಬರು ಹೇಳಿದರು. ಇರಬಹುದು.

ಬಾಣಂತಿಯೊಬ್ಬಳ ದನಿ ಇತ್ತು. ಈಗಿಲ್ಲ. ಅವಳ ವಿಷಯ ಸ್ವಲ್ಪ ವಿವರವಾಗಿ ಹೇಳಬೇಕು.

ನಮ್ಮ ಜಿಲ್ಲೆಯ ಕೆಲವು ಗೊಲ್ಲರಹಟ್ಟಿಗಳಲ್ಲಿ ಮುಟ್ಟಾದವರನ್ನು, ಹೆತ್ತವರನ್ನು ಹಟ್ಟಿಯಿಂದ ಆಚೆ ಗುಡಿಸಲಿನಲ್ಲಿ ಇಡುವ ಪದ್ಧತಿ ತಮಗೆ ಗೊತ್ತಿರುವುದೇ. ಅಧಿಕಾರಿಗಳು ಬಂದು ತಿಳಿಹೇಳಿದ್ದೂ ಆಗಿದೆ, ಅವರು ಹೋದ ಮೇಲೆ ಮೊದಲಿನಂತೆ ನಡೆದದ್ದೂ ಆಗಿದೆ. ಕೊರಕಲಿನ ಆ ಹೆಂಗಸು ಕೇಳುತ್ತಿದ್ದದ್ದು ನೀರು. 'ಯಾರಾರ ಇದೀರೇನ್ರವ್ವಾ, ಒಂದ್ ಚೆಂಬು ನೀರು' ಎಂದು ಕೇಳಿ, ಸ್ವಲ್ಪ ಹೊತ್ತು ಬಿಟ್ಟು, ಇನ್ನೂ ಮೆತ್ತಗೆ ಇನ್ನೊಮ್ಮೆ ಕೇಳುತ್ತಿದ್ದಳು. ಜೋರಾಗಿ ಕೂಗಲು ಸಂಕೋಚಪಟ್ಟವರ ದನಿ. ಹತ್ತಿರದ ಹಟ್ಟಿಯ ಅಜ್ಜಿಯೊಬ್ಬರು ಇದನ್ನು ಕೇಳಿದವರೇ ಮರುದಿನ ತಂಬಿಗೆಯಲ್ಲಿ ನೀರು ತುಂಬಿಕೊಂಡು, ಮೊಮ್ಮಗನ ಕೈ ಹಿಡಿದು ಬಂದರು. ನಾನು ಟಾರ್ಚ್ ಹಿಡಿದೆ. ದನಿ ಬಂತು. ಅಜ್ಜಿ ಏರುದನಿಯಲ್ಲೇ ಅಂದರು: 'ಬಂದೆ ಕಣವ್ವಾ, ನಾನದೀನಿ, ತಗಾ.' ಬಂಡೆಯ ಬುಡಕ್ಕೆ ನೀರು ಹೊಯ್ದರು, ಧಾರೆಯಾಗಿ, ಯಾರೋ ಬೊಗಸೆ ಒಡ್ಡಿದ್ದಾರೆ ಎಂಬಂತೆ ತಡೆತಡೆದು. ಎರಡನೆಯ ಸಲದ ಮೆಲುದನಿ ಬರಲಿಲ್ಲ. ಆವತ್ತೂ ಬರಲಿಲ್ಲ, ಆಮೇಲೂ ಬಂದಿಲ್ಲ.

ವಾಪಸು ಇಳಿಯುವಾಗ ಅದು ಯಾರ ದನಿ ಎಂದು ಅಜ್ಜಿಯನ್ನು ಕೇಳಿದೆ. 'ನಮ್ಮತ್ತೇದಿರ್ಬೋದು. ನಂದೇ ಇರ್ಬೋದು, ನಾನೂ ಅಲ್ಲಿ ಮಲಗಿದ್ದೋಳೇ. ನೀರು ಕೇಳಿದ್ರು, ಕೊಟ್ವಿ. ಯಾರಾದ್ರೇನಪ್ಪ' ಅಂದರು. ಸಮೀಕ್ಷೆ, ವರದಿ ಬರೆಯುವವರು ಈ ಅಜ್ಜಿಯ ಹತ್ತಿರ ಒಂದು ವಾರ ತರಬೇತಿ ಪಡೆಯಬೇಕು ಎಂಬುದು ನನ್ನ ವೈಯಕ್ತಿಕ ಅಭಿಪ್ರಾಯ.

ಈಗ ನಾನು ಈ ಪತ್ರ ಬರೆಯಲು ಕಾರಣವಾದ ದನಿ. ಒಬ್ಬ ತಾಯಿ ಮಗನನ್ನು ಊಟಕ್ಕೆ ಕರೆಯುತ್ತಾಳೆ. 'ಉಣ್ಣಾಕ್ ಬಾರ್ಲಾ' ಎಂದು ಕರೆದು ಒಂದು ಹೆಸರು ಹೇಳುತ್ತಾಳೆ. ಆ ಹೆಸರನ್ನು ಇಲ್ಲಿ ಬರೆಯುವುದಿಲ್ಲ, ಬರೆದರೆ ನಾಳೆ ನೂರು ಜನ ನಾನೇ ಅವನು ಎಂದು ಕ್ಯಾಮೆರಾ ಹಿಡಿದು ಹೊರಡುತ್ತಾರೆ. ಮೊದಲೆಲ್ಲ ಅವಳು ರಾತ್ರಿಗೆ ಎರಡು ಮೂರು ಬಾರಿ ಕರೆದು ಸುಮ್ಮನಾಗುತ್ತಿದ್ದಳು. 1779ರಲ್ಲಿ ಕೋಟೆ ಹೈದರಾಲಿಯ ಕೈ ಸೇರಿದ ಮೇಲೆ ಸುಮಾರು 20 ಸಾವಿರ ಬೇಡರನ್ನು ಶ್ರೀರಂಗಪಟ್ಟಣಕ್ಕೆ ಸಾಗಿಸಿದರೆಂದೂ, ವಯಸ್ಸಿಗೆ ಬಂದ ಹುಡುಗರನ್ನು ಆರಿಸಿ ಚೇಲಾ ಎಂಬ ದಳ ಕಟ್ಟಿದರೆಂದೂ ಕರ್ನಲ್ ವಿಲ್ಕ್ಸ್ ಬರೆದದ್ದು ಇತಿಹಾಸದಲ್ಲಿ ಇದೆ. ಮದಕರಿ ನಾಯಕ ಏನಾದ ಎಂದು ನಾಟಕಗಳಲ್ಲಿ, ಲಾವಣಿಗಳಲ್ಲಿ ಕೇಳಿ ಕೇಳಿ ನಮಗೆ ಬಾಯಿಪಾಠವಾಗಿದೆ. ಆ ಹುಡುಗರ ಮನೆಯಲ್ಲಿ ಆವತ್ತು ರಾತ್ರಿ ಮುದ್ದೆ ಯಾರು ಉಂಡರು ಎಂದು ಯಾರೂ ಕೇಳಿಲ್ಲ. ಈ ತಾಯಿ ಅವರಲ್ಲೊಬ್ಬಳೇ ಎಂದು ಸಾಬೀತು ಮಾಡಲು ನನ್ನಿಂದಾಗದು. ಹುಡುಗ ದನ ಕಾಯಲು ಹೋಗಿ ಚಿರತೆಯ ಬಾಯಿಗೆ ಬಿದ್ದಿರಲೂಬಹುದು. ಬರಲಿಲ್ಲ ಎಂಬುದಷ್ಟೇ ಖಚಿತ.

ಹೋದ ಚಳಿಗಾಲದಲ್ಲಿ ರೀಲ್ಸ್ ಮಾಡುವ ಹುಡುಗರ ಗುಂಪೊಂದು ಅಲ್ಲಿಗೆ ಹೋಯಿತು. ಅವಳು ಕರೆದಳು. ಅವರಲ್ಲೊಬ್ಬ ಕ್ಯಾಮೆರಾ ಕಡೆ ಕಣ್ಣು ಮಿಟುಕಿಸಿ, ದನಿ ಬದಲಿಸಿ, 'ಬಂದೆ ಕಣವ್ವಾ, ಎಸ್ರು ಬಿಸಿ ಮಾಡು' ಎಂದ. ಉಳಿದವರು ಬಿದ್ದು ಬಿದ್ದು ನಕ್ಕರು. ನಂತರ ಎಲ್ಲರೂ ಬೈಕ್ ಹತ್ತಿ ಹೋದರು. ವಿಡಿಯೊದಲ್ಲಿ ಅವರ ನಗು ಮಾತ್ರ ಇದೆ, ಅವಳ ದನಿ ಇಲ್ಲ. ಕೊರಕಲಿನ ಸದ್ದು ಮೈಕಿಗೆ ಹತ್ತುವುದಿಲ್ಲ.

ಅಂದಿನಿಂದ ಅವಳು ನಿಲ್ಲಿಸಿಲ್ಲ. ಗಾಳಿಯಿಲ್ಲದ ರಾತ್ರಿ ಕತ್ತಲಾದಾಗ ಶುರುವಾದರೆ ಬೆಳ್ಳಿ ಮೂಡುವ ತನಕ ಕರೆಯುತ್ತಾಳೆ. ದನಿಯಲ್ಲಿ ಮೊದಲಿದ್ದ ದಣಿವು ಹೋಗಿದೆ, ಗೆಲುವಿದೆ. ನಡುನಡುವೆ ಹಿಂದೆಂದೂ ಕೇಳದ ಸದ್ದೊಂದು ಬರುತ್ತದೆ, ಕಲ್ಲಿನ ಮೇಲೆ ಕಂಚಿನ ಗಂಗಳ ಇಟ್ಟ ಸದ್ದು. ಸ್ವಲ್ಪ ಹೊತ್ತಿಗೆ ಅದನ್ನು ಎತ್ತಿದ ಸದ್ದು. ಮತ್ತೆ ಇಟ್ಟ ಸದ್ದು.

ಸ್ವಾಮಿ, ಇನ್ನೂರು ಮುನ್ನೂರು ವರ್ಷ ಓಗೊಡದೆ ಇದ್ದದ್ದಕ್ಕಿಂತ ಅದೊಂದು ಹುಸಿ ಉತ್ತರ ಅವಳಿಗೆ ಹೆಚ್ಚು ಹಿಂಸೆ ಮಾಡಿದೆ. ಯಾರೂ ಬರುವುದಿಲ್ಲ ಎಂದು ಗೊತ್ತಿದ್ದವಳು ಆಗಾಗ ಬಾಯಿ ಮುಚ್ಚುತ್ತಿದ್ದಳು. ಬರುತ್ತೇನೆ ಎಂದ ಮೇಲೆ ಹೇಗೆ ಮುಚ್ಚುತ್ತಾಳೆ? ನಮ್ಮ ಜಿಲ್ಲೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಭದ್ರಾ ಮೇಲ್ದಂಡೆ ನೀರಾವರಿ ಯೋಜನೆಗೆ 5,300 ಕೋಟಿ ರೂಪಾಯಿ ಎಂದು 2023ರ ಕೇಂದ್ರ ಬಜೆಟ್ಟಿನಲ್ಲಿ ಹೇಳಿದ ದಿನದಿಂದ ನಾವೂ ಗಂಗಳ ಇಟ್ಟುಕೊಂಡೇ ಕೂತವರು.

ಈಗ ಆ ಜಾಗಕ್ಕೆ ಸ್ಪೀಕರ್ ಬಂದರೆ ಏನಾಗುತ್ತದೆ ಎಂದು ಯೋಚಿಸಿ. ದಿನಕ್ಕೆರಡು ಪ್ರದರ್ಶನ, ಪ್ರತಿ ಪ್ರದರ್ಶನಕ್ಕೂ ರೆಕಾರ್ಡ್ ಮಾಡಿದ ಗಡಸು ದನಿಯಲ್ಲಿ 'ಇಗೋ ಬಂದೆ' ಎಂದು ಘರ್ಜನೆ. ಜನರೂ ಜೊತೆಗೆ 'ಓ' ಎನ್ನುತ್ತಾರೆ, ಯಾರಿಗೆ ಎಂದು ಗೊತ್ತಿಲ್ಲದೆ. ಅಲ್ಲಿರುವ ಅಷ್ಟೂ ದನಿಗಳಿಗೆ ಒಟ್ಟಿಗೆ ಆಸೆ ಹುಟ್ಟುತ್ತದೆ. ಪ್ರದರ್ಶನ ಮುಗಿದು ಲೈಟು ಆರಿದ ಮೇಲೆ ಬೆಟ್ಟದಲ್ಲಿ ಉಳಿಯುವವರು ನಾವು, ಕುರಿಯವರು. ಕೆಳಗೆ ಊರಿಗೇ ಕೇಳಿಸುವ ದಿನ ದೂರವಿಲ್ಲ.

ಇದಕ್ಕೆಲ್ಲ ನಾವೇ ಕಾರಣ ಎಂದೂ ಒಮ್ಮೊಮ್ಮೆ ಅನ್ನಿಸುತ್ತದೆ. ರಾತ್ರಿ ಹೊತ್ತು ಹೊರಗೆ ಯಾರಾದರೂ ಕರೆದರೆ ಒಂದೇ ಕೂಗಿಗೆ ಓಗೊಡಬೇಡ, ಮೂರು ಸಲ ಕರೆಯಲಿ ಎಂದು ಮಕ್ಕಳಿಗೆ ಹೇಳಿಕೊಟ್ಟ ಜನ ನಾವು. ಬಾಗಿಲ ಮೇಲೆ ಸೀಮೆಸುಣ್ಣದಲ್ಲಿ 'ನಾಳೆ ಬಾ' ಎಂದು ಬರೆದು ಮಲಗಿದ ನಾಡು. ದೆವ್ವವನ್ನು ತಪ್ಪಿಸಿಕೊಳ್ಳಲು ಮಾಡಿದ ಉಪಾಯದಲ್ಲಿ ಎಷ್ಟು ಜನ ನಿಜವಾದ ಹಸಿದವರು, ಹೆರಿಗೆ ನೋವಿನವರು, ದಾರಿ ತಪ್ಪಿದವರು ಮೂರನೆಯ ಸಲ ಕರೆಯುವಷ್ಟು ತ್ರಾಣವಿಲ್ಲದೆ ಹೊರಟುಹೋದರೋ. ಆಡಳಿತದ ಮಾತು ನಾನು ಎತ್ತುವುದಿಲ್ಲ. ಸಕಾಲ ಕಾಯ್ದೆ ಬಂದ ಮೇಲೆ ಅರ್ಜಿಗಳಿಗಾದರೂ ದಿನಗಳ ಮಿತಿ ಸಿಕ್ಕಿದೆ. 'ಪರಿಶೀಲಿಸಿ ಸೂಕ್ತ ಕ್ರಮ ಕೈಗೊಳ್ಳಲಾಗುವುದು' ಎಂಬ ಉತ್ತರ ಮಾತ್ರ ಕೊರಕಲಿನ ಲೆಕ್ಕದಲ್ಲಿ ಯಾವ ಜಾತಿಗೆ ಸೇರುತ್ತದೆ ಎಂದು ಆಗಾಗ ಯೋಚಿಸುತ್ತೇನೆ.

ಜಾಗವನ್ನು ಮುಚ್ಚಿಹಾಕಿ, ತಂತಿ ಬೇಲಿ ಹಾಕಿ ಎಂದು ನಾನು ಕೇಳುತ್ತಿಲ್ಲ. ಬೇಲಿ ಹಾಕಿದರೆ ಓಗೊಡುವವರೂ ಬರಲಾರರು. ಸೌಂಡ್ ಎಂಜಿನಿಯರ್ ಬದಲು ಭಾಷೆ ಬಲ್ಲವರನ್ನು ಕಳಿಸಿಕೊಡಿ ಎಂಬುದು ನನ್ನ ಕೋರಿಕೆ. ಅಲ್ಲಿ ತೆಲುಗಿನಲ್ಲಿ ಅಣ್ಣನನ್ನು ಕರೆಯುವ ಗಂಡಸು ಇದ್ದಾನೆ; ರಾಯದುರ್ಗದ ಕಡೆಯ ಮಾತು, ಇಷ್ಟು ನಮಗೂ ತಿಳಿಯುತ್ತದೆ, ಆಮೇಲೆ ಏನು ಹೇಳುತ್ತಾನೆ ಎಂಬುದು ಹಿಡಿಯಲು ಸಿಗುವುದಿಲ್ಲ. ದಖನಿ ಉರ್ದುವಿನಲ್ಲಿ ಯಾರೋ ಒಬ್ಬರು ಬಾಗಿಲು ತೆರೆಯಲು ಹೇಳುತ್ತಾರೆ. ನೆನಪಿಡಿ, ಮುತ್ತಿಗೆ ಹಾಕಿದವರಲ್ಲೂ ಕರೆದು ಉತ್ತರ ಸಿಗದವರಿದ್ದರು. ಕೊರಕಲು ಪಕ್ಷ ನೋಡಿಲ್ಲ. ಎಲ್ಲಕ್ಕಿಂತ ಒಳಗೆ, ನೀರು ಜಿನುಗುವ ಬಂಡೆಯ ಹತ್ತಿರ, ಯಾವ ಭಾಷೆ ಎಂದೇ ಗೊತ್ತಾಗದ ದನಿಯೊಂದಿದೆ. ಚಂದ್ರವಳ್ಳಿಯಲ್ಲಿ ಕೆರೆ ಕಟ್ಟಿಸಿದ್ದನ್ನು ಹೇಳುವ ಮಯೂರಶರ್ಮನ ಶಾಸನ ಪ್ರಾಕೃತದಲ್ಲಿದೆಯಲ್ಲ, ಆ ಕಾಲದ ಮಾತೇ ಇರಬಹುದು ಎಂದು ನನ್ನ ಊಹೆ. ಅರಸನ ವಿಜಯಗಳು ಕಲ್ಲಿನ ಮೇಲೆ ಉಳಿದವು. ಕೆರೆಗೆ ಮಣ್ಣು ಹೊತ್ತವರು ಏನು ಕೇಳಿದರೋ! ದಾವಣಗೆರೆ ವಿಶ್ವವಿದ್ಯಾಲಯದ ಸ್ನಾತಕೋತ್ತರ ಕೇಂದ್ರ ಇಲ್ಲೇ ಗುಡ್ಡದ ರಂಗವ್ವನಹಳ್ಳಿಯಲ್ಲಿದೆ. ಅವರ ಮೂಲಕವಾದರೂ ಪ್ರಾಕೃತ ಬಲ್ಲವರೊಬ್ಬರನ್ನು ಹುಡುಕಿಸಬಹುದು. ಆದರೆ ಬರುವವರು ಪ್ರಬಂಧ ಬರೆಯಲು ಬರಬಾರದು, ಮಾತಾಡಲು ಬರಬೇಕು.

ಇದಕ್ಕೆಲ್ಲ ಸಮಯ ಹಿಡಿಯುತ್ತದೆ, ಗೊತ್ತು. ಊಟಕ್ಕೆ ಕರೆಯುತ್ತಿರುವ ತಾಯಿಯ ವಿಷಯ ಮಾತ್ರ ತಡೆಯುವಂಥದ್ದಲ್ಲ. ಅಜ್ಜಿಯನ್ನು ಕೇಳಿದೆ, ಇವಳಿಗೆ ಏನು ಉತ್ತರ ಕೊಡುವುದು, ಮಗ ಎಲ್ಲಿಂದ ಬರಬೇಕು ಎಂದು. ಅಜ್ಜಿ ಬಹಳ ಹೊತ್ತು ಎಲೆಅಡಿಕೆ ಅಗಿದು, 'ಉತ್ತರ ಯಾಕೆ ಕೊಡ್ತೀಯಾ? ಉಣ್ಣಾಕೆ ಕರಿಯಾಳೆ, ಯಾರಾರ ಹೋಗಿ ಉಣ್ರಿ' ಎಂದರು.

ಅದರಂತೆ ಏರ್ಪಾಡು ಮಾಡಿದ್ದೇವೆ. ಅಜ್ಜಿಯ ಮೊಮ್ಮಗ ಈಗ ಏಳನೇ ಕ್ಲಾಸು, ಹೆದರುವ ಪೈಕಿ ಅಲ್ಲ. ಅವನ ಅಪ್ಪ ಅವ್ವ ಒಪ್ಪಿದ್ದಾರೆ. ರಾಗಿ ಮುದ್ದೆ, ಹುರುಳಿಕಾಳಿನ ಸಾರು, ಉಪ್ಪು, ಒಂದು ಈರುಳ್ಳಿ ಒಯ್ಯುತ್ತೇವೆ; ಗಂಗಳ ಒಯ್ಯುವುದಿಲ್ಲ, ಅವಳೇ ಇಟ್ಟಿದ್ದಾಳೆ ಎಂದು ಅಜ್ಜಿಯ ವಾದ, ಹಾಗಾಗಿ ಮುತ್ತುಗದ ಎಲೆ. ಹುಡುಗ ಕೂತು ಹೊಟ್ಟೆತುಂಬ ಉಂಡು, ಕೈ ತೊಳೆದು, 'ಉಂಡೆ ಕಣವ್ವಾ' ಎಂದು ಎದ್ದು ಬರುತ್ತಾನೆ. ನಾಟಕಕ್ಕೆ ಉಂಡರೆ ಆಗದು, ನಿಜವಾಗಿ ಹಸಿದಿರಬೇಕು ಎಂದು ಅಜ್ಜಿಯ ಕಟ್ಟಪ್ಪಣೆ. ಮಧ್ಯಾಹ್ನ ಶಾಲೆಯ ಬಿಸಿಯೂಟ ಆದ ಮೇಲೆ ಅವನಿಗೆ ಏನೂ ಕೊಡುವುದಿಲ್ಲ.

ಕೊರಕಲಿಗೆ ಹೋಗುವ ದಾರಿ ಅರಣ್ಯದ್ದು, ಕತ್ತಲಾದ ಮೇಲೆ ಹೊರಗಿನವರನ್ನು ಬಿಡುವುದಿಲ್ಲ. ಅದು ಸರಿಯೂ ಹೌದು, ಕರಡಿ ಇವೆ. ಪಾಸು ಇರುವುದು ನನಗೊಬ್ಬನಿಗೆ. ಅಜ್ಜಿ, ಹುಡುಗ, ಅವನ ಅಪ್ಪ, ಮೂವರಿಗೆ ಒಂದು ರಾತ್ರಿಯ ಪರವಾನಗಿ ಬೇಕು. ತಾವು ಸಂಬಂಧಪಟ್ಟವರಿಗೆ ಒಂದು ಮಾತು ಹೇಳಿದರೆ ಆಗುತ್ತದೆ. ತಾವೂ ಬರುವುದಾದರೆ ಸಂತೋಷ, ಫೋಟೋಗ್ರಾಫರ್ ಬೇಡ. ತಾರೀಖು ನಾವು ಈಗಲೇ ಹೇಳಲಾರೆವು, ಗಾಳಿ ನಿಲ್ಲುವ ರಾತ್ರಿ ನೋಡಿಕೊಂಡು ಮಧ್ಯಾಹ್ನವೇ ತಿಳಿಸುತ್ತೇವೆ. ಆದ್ದರಿಂದ ಪರವಾನಗಿಯಲ್ಲಿ ದಿನಾಂಕದ ಜಾಗ ಖಾಲಿ ಬಿಟ್ಟಿದ್ದರೆ ಅನುಕೂಲ. ಅದರ ಒಂದು ಪ್ರತಿ ಗೇಟಿನಲ್ಲಿರುವವರ ಕೈಗೂ ಮೊದಲೇ ತಲುಪಿರಲಿ. 'ನಮಗೆ ಆರ್ಡರ್ ಬಂದಿಲ್ಲ' ಎಂದು ಅವರು ತಡೆದರೆ ಹುಡುಗ ಹಸಿದುಕೊಂಡೇ ವಾಪಸು ಹೋಗಬೇಕಾಗುತ್ತದೆ.

ಇಂತಿ ತಮ್ಮ ವಿಶ್ವಾಸಿ,
ಬೆಟ್ಟದ ಮೇಲಿನ ರಾತ್ರಿ ಪಾಳಿಯವನು
ಚಿತ್ರದುರ್ಗ